ವಾಸ್ತವವನ್ನು ಕಾಯುವ ಗುಪ್ತ ಬಳಗ: ಇವರು ಬೆಳಗ್ಗೆ ಎದ್ದು ಮಾಡುವ ಕೆಲಸವಾದರೂ ಏನು?

ನಿದ್ದೆಗೇಡಿ

ಒಂದು ಕಾದಂಬರಿ ಬರೆಯುತ್ತಿದ್ದೇನೆ. ನಿಜ ಹೇಳಬೇಕೆಂದರೆ, ಮೂರನೇ ಅಧ್ಯಾಯದಲ್ಲಿ ಸಿಕ್ಕಿಹಾಕಿಕೊಂಡು ಎಂಟು ತಿಂಗಳಾಯಿತು.

ಕಥೆಯಲ್ಲಿ ಒಂದು ಗುಪ್ತ ಬಳಗ ಇದೆ. ಹೆಸರು ಕಡೆಗೀಲಿನವರು. ಬಂಡಿಯ ಗಾಲಿ ಕಳಚದಂತೆ ಅಚ್ಚಿನ ತುದಿಗೆ ಸಿಕ್ಕಿಸುವ ಪುಟ್ಟ ಕೀಲು ಇದೆಯಲ್ಲ, ಅದರಿಂದ ತೆಗೆದುಕೊಂಡ ಹೆಸರು. ಈ ಕಥೆಯ ಜಗತ್ತು ತಾನಾಗಿ ಗಟ್ಟಿಯಾಗಿ ನಿಂತಿಲ್ಲ. ಆಗಾಗ ಸಡಿಲವಾಗುತ್ತದೆ. ನಿನ್ನೆ 17 ಮೆಟ್ಟಿಲಿದ್ದ ಏಣಿಗೆ ಇವತ್ತು 18. ಒಂದೇ ಸಾವನ್ನು ಅಣ್ಣ ಮಳೆಗಾಲದ್ದು ಅನ್ನುತ್ತಾನೆ, ತಂಗಿ ಬೇಸಿಗೆಯದ್ದು ಅನ್ನುತ್ತಾಳೆ, ಇಬ್ಬರೂ ಸುಳ್ಳು ಹೇಳುತ್ತಿಲ್ಲ. ಇಂಥದ್ದು ಹರಡದಂತೆ ನೋಡಿಕೊಳ್ಳುವುದು ಕಡೆಗೀಲಿನವರ ಕೆಲಸ.

ಮೊದಲ ಎರಡು ಅಧ್ಯಾಯ ಗುಟ್ಟಿನ ಬಲದಲ್ಲೇ ಸಾಗಿಬಿಟ್ಟವು. ಮೂರನೆಯದರಲ್ಲಿ ಒಬ್ಬ ಹುಡುಗಿ ಬಳಗಕ್ಕೆ ಸೇರುತ್ತಾಳೆ. ಮೊದಲ ದಿನ, ಬೆಳಗ್ಗೆ. ಅವಳ ಕೈಗೆ ಏನು ಕೊಡಲಿ? ಕತ್ತಿ ಕೊಟ್ಟು ನೋಡಿದೆ. ಉಂಗುರ ಕೊಟ್ಟೆ. ನೆಲಮಾಳಿಗೆ, ದೀಪ, ಕಪ್ಪು ನಿಲುವಂಗಿ, ಎಲ್ಲ ಆಯಿತು. ಓದಿದರೆ ನನಗೇ ನಗು ಬರುತ್ತದೆ. ಇವರು ದಿನಾ ಏನು ಮಾಡುತ್ತಾರೆ ಅನ್ನುವುದೇ ನನಗೆ ಗೊತ್ತಿಲ್ಲ ಅಂತ ಈಗ ಹೊಳೆದಿದೆ. ಸ್ವಲ್ಪ ಕೈ ಹಿಡಿಯಿರಿ.

ಸುಮ್ನೆ_ಬಂದೆ

ಮೊದಲ ಪ್ರಶ್ನೆ. ಸಂಬಳ ಯಾರು ಕೊಡುತ್ತಾರೆ?

ನಿದ್ದೆಗೇಡಿ

ದಯವಿಟ್ಟು ಅಲ್ಲಿಂದ ಶುರು ಮಾಡಬೇಡಿ.

ಎರಡನೇಓದು

ಕೈಗೆ ಏನು ಕೊಡಬೇಕು ಅನ್ನುವುದು ಆಮೇಲಿನ ಮಾತು. ಅದಕ್ಕಿಂತ ಮೊದಲೇ ಒಂದು ತೊಡಕಿದೆ. ಈ ಬಳಗ ತನ್ನ ಕೆಲಸ ಸರಿಯಾಗಿ ಮಾಡಿದರೆ ಏನಾಗುತ್ತದೆ? ಏನೂ ಆಗುವುದಿಲ್ಲ. ಏಣಿಗೆ 17 ಮೆಟ್ಟಿಲು, ಅಷ್ಟೆ. ಬಳಗ ಇಲ್ಲದಿದ್ದರೂ ಏಣಿಗೆ 17 ಮೆಟ್ಟಿಲೇ ಇರುತ್ತಿತ್ತೇನೋ. ಗೆದ್ದ ಕಾವಲುಗಾರನಿಗೂ ನಿದ್ದೆ ಹೊಡೆದ ಕಾವಲುಗಾರನಿಗೂ ಹೊರಗಿನಿಂದ ನೋಡಿದರೆ ಫರಕು ಕಾಣುವುದಿಲ್ಲ.

ಚಿಕ್ಕವರಿದ್ದಾಗ ಎಲ್ಲರೂ ಕೇಳಿದ ಅಜ್ಜಿಯ ಕೋಳಿ ಕಥೆ ನೆನಪಿದೆ ಅಲ್ವಾ? ನನ್ನ ಕೋಳಿ ಕೂಗದಿದ್ದರೆ ಈ ಊರಿಗೆ ಬೆಳಗೇ ಆಗುವುದಿಲ್ಲ ಅಂತ ಅಜ್ಜಿ ಕೋಳಿಯನ್ನು ಕಂಕುಳಲ್ಲಿ ಇಟ್ಟುಕೊಂಡು ಊರು ಬಿಟ್ಟು ಹೋಗುತ್ತಾಳೆ. ನಿಮ್ಮ ಕಡೆಗೀಲಿನವರು ನಿಜವಾಗಿ ಕೀಲೋ, ಅಥವಾ ಅಜ್ಜಿಯ ಕೋಳಿಯೋ? ಇದನ್ನು ನೀವು ಓದುಗರಿಗೆ ಹೇಳಬೇಕಾಗಿಲ್ಲ. ಆದರೆ ಬಳಗದ ಒಳಗೆ ಒಬ್ಬರಿಗಾದರೂ ಈ ಅನುಮಾನ ರಾತ್ರಿ ನಿದ್ದೆ ಕೆಡಿಸಬೇಕು. ಕತ್ತಿ, ಉಂಗುರ ಸಪ್ಪೆ ಅನ್ನಿಸುವುದು ಇದಕ್ಕೇ. ಕತ್ತಿ ಇದ್ದರೆ ಶತ್ರು ಇರುತ್ತಾನೆ. ಶತ್ರು ಇದ್ದರೆ ಅನುಮಾನಕ್ಕೆ ಜಾಗವೇ ಇಲ್ಲ.

ಬೂದಿಮುಚ್ಚಿದಕೆಂಡ

ಅಜ್ಜಿಯ ಕೋಳಿಯನ್ನು ಅಷ್ಟು ಹಗುರವಾಗಿ ನೋಡಬೇಡಿ. ಮನುಷ್ಯರು ಸಾವಿರಾರು ವರ್ಷ ಇದೇ ಕೆಲಸ ಮಾಡಿದ್ದಾರೆ. ಗುಟ್ಟಾಗಿ ಅಲ್ಲ, ಬಹಿರಂಗವಾಗಿಯೇ.

ಹಳೆಯ ಈಜಿಪ್ಟಿನವರ ನಂಬಿಕೆ ನೋಡಿ. ಸೂರ್ಯದೇವ ರಾ ರಾತ್ರಿಯಿಡೀ ದೋಣಿಯಲ್ಲಿ ಪಾತಾಳ ದಾಟುತ್ತಾನೆ. ದಾರಿಯಲ್ಲಿ ಅಪೆಪ್ ಅನ್ನುವ ಹಾವು ಅಡ್ಡ ಬರುತ್ತದೆ. ಅದು ಗೆದ್ದರೆ ಬೆಳಗಿಲ್ಲ, ಜಗತ್ತಿನ ಕ್ರಮವೇ ಇಲ್ಲ. ಆದ್ದರಿಂದ ದೇವಾಲಯದ ಪೂಜಾರಿಗಳು ಮೇಣದಲ್ಲಿ ಅಪೆಪ್‌ನ ಗೊಂಬೆ ಮಾಡಿ, ಅದಕ್ಕೆ ಉಗುಳಿ, ಎಡಗಾಲಿನಿಂದ ತುಳಿದು, ಈಟಿಯಿಂದ ತಿವಿದು, ಬೆಂಕಿಗೆ ಹಾಕುತ್ತಿದ್ದರು. ಈ ವಿಧಿಯನ್ನು ಬರೆದ ಪಪೈರಸ್ ಸುರುಳಿ ಈಗ ಬ್ರಿಟಿಷ್ ಮ್ಯೂಸಿಯಂನಲ್ಲಿದೆ. ಎಡಗಾಲು ಅಂತ ಖಚಿತವಾಗಿ ಹೇಳಿರುವುದು ನನಗೆ ತುಂಬ ಇಷ್ಟ. ಜಗತ್ತು ನಿಂತಿರುವುದು ಯಾವ ಕಾಲಿನ ಮೇಲೆ ಅನ್ನುವುದು ಅವರಿಗೆ ಗೊತ್ತಿತ್ತು.

ಇನ್ನೊಂದು, ಇದು ನಿಮ್ಮ ಕಥೆಗೆ ನೇರವಾಗಿ ಕೂರುತ್ತದೆ. ಮೆಕ್ಸಿಕೋದ ಅಜ್ಟೆಕ್ ಜನ 52 ವರ್ಷಕ್ಕೊಮ್ಮೆ ಹೊಸ ಬೆಂಕಿ ಹಚ್ಚುತ್ತಿದ್ದರು. ಆ ರಾತ್ರಿ ಊರಿನಲ್ಲಿ ಒಂದು ಒಲೆಯೂ ಉರಿಯುವಂತಿಲ್ಲ. ಮನೆಯ ಮಡಕೆ ಕುಡಿಕೆ ಒಡೆದು ಎಸೆಯುತ್ತಿದ್ದರು. ಮಕ್ಕಳು ನಿದ್ದೆ ಮಾಡಿದರೆ ಇಲಿಗಳಾಗಿಬಿಡುತ್ತಾರೆ ಅಂತ ಚಿವುಟಿ ಎಬ್ಬಿಸುತ್ತಿದ್ದರು. ಪೂಜಾರಿಗಳು ಬೆಟ್ಟದ ಮೇಲೆ ನಿಂತು ಕೃತ್ತಿಕೆ ನಕ್ಷತ್ರಗಳನ್ನು ನೋಡುತ್ತಿದ್ದರು. ನಡುರಾತ್ರಿ ಅವು ನೆತ್ತಿ ದಾಟಿ ಮುಂದೆ ಸಾಗಿದರೆ ಇನ್ನೂ 52 ವರ್ಷ ಗ್ಯಾರಂಟಿ. ಆಗ ಬಲಿಯಾದವನ ಎದೆಯ ಮೇಲೆ ಹೊಸ ಬೆಂಕಿ ಕಡೆದು, ಅಲ್ಲಿಂದ ಮನೆಮನೆಗೆ ಪಂಜಿನಲ್ಲಿ ಒಯ್ಯುತ್ತಿದ್ದರು.

ಕೊನೆಯ ಸಲ ಹೀಗೆ ಬೆಂಕಿ ಹಚ್ಚಿದ್ದು 1507ರಲ್ಲಿ. ಮುಂದಿನದು 1559ರಲ್ಲಿ ಬರಬೇಕಿತ್ತು. ಹಚ್ಚಲು ಯಾರೂ ಉಳಿದಿರಲಿಲ್ಲ. 1521ರಲ್ಲೇ ಅವರ ರಾಜಧಾನಿ ಟೆನೊಚ್ಟಿಟ್ಲಾನ್ ಸ್ಪೇನಿನವರ ಕೈ ಸೇರಿತ್ತು.

ಸುಮ್ನೆ_ಬಂದೆ

1559ರಲ್ಲಿ ಸೂರ್ಯ ಹುಟ್ಟಿದ. ಅಂದರೆ ಅಜ್ಜಿಯ ಕೋಳಿಯೇ. ಕೇಸ್ ಮುಗೀತು.

ಬೂದಿಮುಚ್ಚಿದಕೆಂಡ

ಯಾರ ಸೂರ್ಯ? ಆ ಜನರ ಜಗತ್ತು ಅಷ್ಟರಲ್ಲಿ ಮುಗಿದೇ ಹೋಗಿತ್ತು. ಅವರ ದೇವರು, ಊರು, ಕಾನೂನು, ಕ್ಯಾಲೆಂಡರ್ ಯಾವುದೂ ಮೊದಲಿನಂತೆ ಉಳಿದಿರಲಿಲ್ಲ. ಬೆಂಕಿ ಹಚ್ಚದೆ ಜಗತ್ತು ಮುಗಿಯಿತೋ, ಜಗತ್ತು ಮುಗಿದದ್ದಕ್ಕೆ ಬೆಂಕಿ ಹಚ್ಚಲಿಲ್ಲವೋ? ಕಡೆಗೀಲಿನವರಲ್ಲಿ ಒಬ್ಬ ಹಿರಿಯ ಈ ಮಾತು ಹೇಳಲಿ, ಇನ್ನೊಬ್ಬ ನಿಮ್ಮ ಹಾಗೆ ನಕ್ಕುಬಿಡಲಿ. ಇಬ್ಬರೂ ಒಂದೇ ಕೋಣೆಯಲ್ಲಿ ಮೂವತ್ತು ವರ್ಷ ಕೂತಿರಲಿ.

ಸುಮ್ನೆ_ಬಂದೆ

ಸರಿ, ಕೇಸ್ ಮತ್ತೆ ತೆರೆದೆ.

ಹಳೇತಕ್ಕಡಿ

ನಾನು ಬೇರೆ ದಿಕ್ಕಿನಿಂದ ಬರುತ್ತೇನೆ. ಬೆಂಕಿ, ಬಲಿ ಇಲ್ಲದ ಒಂದು ಬಳಗ ನಿಜವಾಗಿಯೂ ಇದೆ. ಗುಪ್ತ ಅಲ್ಲ, ಆದರೆ ಯಾರೂ ಅದರ ಕಡೆ ನೋಡುವುದಿಲ್ಲ. ಅದೂ ಒಂದು ಥರ ಗುಪ್ತವೇ.

ಪ್ಯಾರಿಸ್ ಪಕ್ಕದ ಸೆವ್ರ್‌ನಲ್ಲಿ ತೂಕ ಮತ್ತು ಅಳತೆಗಳ ಅಂತರರಾಷ್ಟ್ರೀಯ ಬ್ಯೂರೋ ಇದೆ. 1889ರಿಂದ 2019ರವರೆಗೆ ಜಗತ್ತಿನ ಕಿಲೋಗ್ರಾಂ ಅಂದರೆ ಅಲ್ಲಿಟ್ಟ ಒಂದು ಲೋಹದ ಉರುಳೆ. 90 ಪಾಲು ಪ್ಲಾಟಿನಂ, 10 ಪಾಲು ಇರಿಡಿಯಂ. ಎತ್ತರ 39 ಮಿಲಿಮೀಟರ್, ಅಡ್ಡಗಲವೂ ಅಷ್ಟೇ. ಮುಷ್ಟಿಯಲ್ಲಿ ಹಿಡಿಸುವಷ್ಟು. ಒಂದರ ಮೇಲೊಂದು ಗಂಟೆಯಾಕಾರದ ಗಾಜಿನ ಮುಚ್ಚಳ ಮುಚ್ಚಿ, ತಿಜೋರಿಯಲ್ಲಿ ಇಟ್ಟಿದ್ದರು. ಬಾಗಿಲು ತೆಗೆಯಲು ಮೂರು ಕೀಲಿ ಬೇಕು, ಮೂರೂ ಬೇರೆ ಬೇರೆಯವರ ಹತ್ತಿರ.

ಕೈಯಿಂದ ಮುಟ್ಟುವಂತಿಲ್ಲ. ಅದನ್ನು ಹೊರತೆಗೆದು ಬೇರೆ ದೇಶಗಳ ನಕಲುಗಳ ಜೊತೆ ತೂಗಿ ನೋಡಿದ್ದೇ ಬೆರಳೆಣಿಕೆಯಷ್ಟು ಸಲ. ಹಾಗೆ ನೋಡಿದಾಗ ಒಂದು ವಿಚಿತ್ರ ಕಂಡಿತು. ನೂರು ವರ್ಷದಲ್ಲಿ ಮೂಲದ ತೂಕಕ್ಕೂ ನಕಲುಗಳ ತೂಕಕ್ಕೂ ಸುಮಾರು 50 ಮೈಕ್ರೋಗ್ರಾಂ ಫರಕು ಬಂದಿತ್ತು. ಒಂದು ಬೆರಳಚ್ಚಿನ ತೂಕ ಅನ್ನಿ.

ಮಜಾ ಇರುವುದು ಇಲ್ಲಿ. ಕಿಲೋಗ್ರಾಂ ಅಂದರೆ ಆ ಉರುಳೆಯೇ. ಅದು ತಪ್ಪುವಂತಿಲ್ಲ. ಅದು ಒಂದು ಚೂರು ಸವೆದರೂ ಅದರ ತೂಕ ಒಂದು ಕಿಲೋಗ್ರಾಮೇ. ಹಾಗಾದರೆ ಬದಲಾದದ್ದು ಯಾವುದು? ಲೆಕ್ಕದ ಪ್ರಕಾರ, ಅದನ್ನು ಬಿಟ್ಟು ಉಳಿದದ್ದೆಲ್ಲ. ನೀವು, ನಾನು, ಚಂದ್ರ, ಸೂರ್ಯ, ಎಲ್ಲರೂ ಸ್ವಲ್ಪ ಭಾರವಾದೆವು.

ನಿಮ್ಮ ಹುಡುಗಿಯ ಕೈಗೆ ಕತ್ತಿ ಬೇಡ. ಒಂದು ತೂಕದ ಬಟ್ಟು ಕೊಡಿ, ಮತ್ತೆ ಚಮೋಯಿಸ್ ಅನ್ನುವ ಕಾಡುಮೇಕೆಯ ಮೆತ್ತನೆ ಚರ್ಮದ ಒಂದು ತುಂಡು ಕೊಡಿ. ಉರುಳೆಯನ್ನು ಒರೆಸುತ್ತಿದ್ದದ್ದು ಅದರಿಂದಲೇ.

ನಿದ್ದೆಗೇಡಿ

ಇದನ್ನು ಓದಿ ಎದ್ದು ನಾಲ್ಕು ಸುತ್ತು ಓಡಾಡಿ ಬಂದೆ. ಮೂಲ ತಪ್ಪುವಂತಿಲ್ಲ, ಆದ್ದರಿಂದ ಜಗತ್ತೇ ತಪ್ಪಿತು. ಒಂದು ಪ್ರಶ್ನೆ: ಈಗ ಆ ಉರುಳೆ ಏನಾಯಿತು?

ಹಳೇತಕ್ಕಡಿ

ಅಲ್ಲೇ ಇದೆ. 2019ರ ಮೇ 20ರಿಂದ ಕಿಲೋಗ್ರಾಂ ಅನ್ನು ಪ್ಲ್ಯಾಂಕ್ ಸ್ಥಿರಾಂಕ ಅನ್ನುವ, ಪ್ರಕೃತಿಯ ಒಂದು ಬದಲಾಗದ ಅಂಕಿಯ ಲೆಕ್ಕದಲ್ಲಿ ಹೇಳುತ್ತಾರೆ. ಉರುಳೆ ನಿವೃತ್ತಿಯಾಯಿತು. ಈಗ ಅದು ಬರೀ ಒಂದು ಲೋಹದ ತುಂಡು, ಅದರ ತೂಕದಲ್ಲೂ ತಪ್ಪಿರಬಹುದು. 130 ವರ್ಷ ತಪ್ಪೇ ಮಾಡಲಾಗದೆ ಇದ್ದದ್ದಕ್ಕೆ ಕೊನೆಗೂ ತಪ್ಪು ಮಾಡುವ ಸ್ವಾತಂತ್ರ್ಯ ಸಿಕ್ಕಿತು.

ಬೆಳಕಿನ ವೇಗದ್ದೂ ಇದೇ ಕಥೆ. ಸೆಕೆಂಡಿಗೆ 29,97,92,458 ಮೀಟರ್ ಅಂತ 1983ರಲ್ಲಿ ಗಂಟು ಹಾಕಿ, ಮೀಟರನ್ನೇ ಅದರಿಂದ ಅಳೆಯಲು ಶುರು ಮಾಡಿದರು. ಇನ್ನು ಆ ಅಂಕಿ ಬದಲಾಗುವಂತಿಲ್ಲ. ಏನಾದರೂ ಹೆಚ್ಚುಕಡಿಮೆ ಆದರೆ ಬದಲಾಗುವುದು ಮೀಟರ್.

ಶೂನ್ಯಕ್ಕೆ_ಹತ್ತಿರ

ಅಳತೆಯನ್ನು ಕಾಯುವುದು ಬೇರೆ, ವಾಸ್ತವವನ್ನು ಕಾಯುವುದು ಬೇರೆ. ಇಬ್ಬರೂ ಅದನ್ನು ಕಲೆಸುತ್ತಿದ್ದೀರಿ. ಗಡಿಯಾರದ ಮುಳ್ಳು ತಿರುಗಿಸಿದರೆ ಸೂರ್ಯ ಬೇಗ ಮುಳುಗುತ್ತಾನೆಯೇ?

ನಿಜವಾದ ಅಪಾಯ ಬೇಕಿದ್ದರೆ ಭೌತಶಾಸ್ತ್ರದಲ್ಲಿ ಒಂದಿದೆ. ನಾವು ಖಾಲಿ ಅಂದುಕೊಂಡ ಜಾಗ ಅದರ ಅತಿ ಕೆಳಗಿನ, ಅತಿ ಗಟ್ಟಿಯಾದ ಸ್ಥಿತಿಯಲ್ಲಿ ಇಲ್ಲದೆ ಇರಬಹುದು. ಬೆಟ್ಟ ಇಳಿಯುವ ಕಲ್ಲು ನಡುವೆ ಒಂದು ಗುಂಡಿಯಲ್ಲಿ ಸಿಕ್ಕಿ ನಿಂತ ಹಾಗೆ. ಭೌತವಿಜ್ಞಾನಿ ಸಿಡ್ನಿ ಕೋಲ್‌ಮನ್ 1977ರಲ್ಲಿ ಇದರ ಲೆಕ್ಕ ಹಾಕಿದರು. 2012ರಲ್ಲಿ ಹಿಗ್ಸ್ ಕಣ ಸಿಕ್ಕಿತು, ಅದರ ದ್ರವ್ಯರಾಶಿ ಸುಮಾರು 125 ಗಿಗಾ ಎಲೆಕ್ಟ್ರಾನ್ ವೋಲ್ಟ್. ಈಗ ಗೊತ್ತಿರುವ ಸಿದ್ಧಾಂತಕ್ಕೆ ಈ ಅಂಕಿ ಹಾಕಿ ನೋಡಿದರೆ, ನಾವು ಆ ಗುಂಡಿಯಲ್ಲೇ ಇರುವ ಹಾಗೆ ಕಾಣುತ್ತದೆ. ಎಲ್ಲೋ ಒಂದು ಕಡೆ ಕಲ್ಲು ಗುಂಡಿ ದಾಟಿದರೆ ಅಲ್ಲೊಂದು ಗುಳ್ಳೆ ಹುಟ್ಟುತ್ತದೆ. ಅದರೊಳಗೆ ಅಣು, ರಸಾಯನ, ಜೀವ ಯಾವುದೂ ನಮಗೆ ಗೊತ್ತಿದ್ದಂತೆ ಇರುವುದಿಲ್ಲ. ಗುಳ್ಳೆ ಹೆಚ್ಚೂಕಡಿಮೆ ಬೆಳಕಿನ ವೇಗದಲ್ಲಿ ಹಿಗ್ಗುತ್ತದೆ.

ಹೆದರಬೇಡಿ. ಹಾಗಾಗಲು ಬೇಕಾದ ಕಾಲದ ಮುಂದೆ ವಿಶ್ವದ 1,380 ಕೋಟಿ ವರ್ಷ ವಯಸ್ಸು ಏನೇನೂ ಅಲ್ಲ.

ಆದರೆ ನಿಮ್ಮ ಬಳಗದ ಪಾಡು ನೋಡಿ. ಗುಳ್ಳೆಯೂ ಅದರ ಸುದ್ದಿಯೂ ಒಟ್ಟಿಗೇ ಬರುತ್ತವೆ. ಎಚ್ಚರಿಸುವವನಿಗೆ ಬಾಯಿ ತೆರೆಯುವಷ್ಟೂ ಹೊತ್ತಿಲ್ಲ. ಕಳ್ಳ ಬಂದದ್ದೇ ಗೊತ್ತಾಗದ ಮನೆಗೆ ಕಾವಲು ಯಾಕೆ?

ಎರಡನೇಓದು

ಇದು ಕಥೆಗೆ ಬೇಡ ಅಂತ ನನ್ನ ಮತ. ಬೆದರಿಕೆ ದೊಡ್ಡದಾದಷ್ಟೂ ಓದುಗನಿಗೆ ಸಣ್ಣದಾಗುತ್ತದೆ. ಇಡೀ ವಿಶ್ವ ಮುಗಿಯುತ್ತದೆ ಅಂದರೆ ಯಾರೂ ಅಳುವುದಿಲ್ಲ. ಅಣ್ಣ ತಂಗಿಗೆ ಅಪ್ಪ ಸತ್ತ ದಿನ ಯಾವುದು ಅನ್ನುವುದೇ ಬೇರೆಬೇರೆ ನೆನಪು ಅಂದರೆ ಹೊಟ್ಟೆಯಲ್ಲಿ ಏನೋ ಆಗುತ್ತದೆ.

ಶೂನ್ಯಕ್ಕೆ_ಹತ್ತಿರ

ಒಪ್ಪಿದೆ. ಹಾಗಾದರೆ ಓಕ್ಲೋ ತೆಗೆದುಕೊಳ್ಳಿ. ಅದು ಗುಮಾಸ್ತರ ಕಥೆ, ನಿಮಗೆ ಹಿಡಿಸುತ್ತದೆ.

ನೆಲದಿಂದ ತೆಗೆದ ಯುರೇನಿಯಂನಲ್ಲಿ 235 ಅನ್ನುವ ಬಗೆ ಎಲ್ಲಿ ನೋಡಿದರೂ 0.720 ಪ್ರತಿಶತ ಇರುತ್ತದೆ. 1972ರಲ್ಲಿ ಫ್ರಾನ್ಸಿನ ಒಂದು ಸ್ಥಾವರದಲ್ಲಿ ಲೆಕ್ಕ ನೋಡುವವರಿಗೆ 0.717 ಸಿಕ್ಕಿತು. ಇಷ್ಟು ಸಣ್ಣ ಫರಕು ಯಾರಿಗೆ ಬೇಕು ಅನ್ನಬಹುದು. ಆದರೆ ಬಾಂಬಿಗೆ ಬಳಸುವ ಪದಾರ್ಥ, ಲೆಕ್ಕ ಬಿಡುವಂತಿಲ್ಲ. ಹಿಂದೆ ಹಿಂದೆ ಹುಡುಕುತ್ತಾ ಹೋಗಿ ಗ್ಯಾಬೊನ್ ದೇಶದ ಓಕ್ಲೋ ಗಣಿಗೆ ಮುಟ್ಟಿದರು. ಸುಮಾರು 200 ಕೋಟಿ ವರ್ಷದ ಹಿಂದೆ ಅಲ್ಲಿ ನೆಲದೊಳಗೆ ತಾನಾಗಿಯೇ ಒಂದು ಅಣು ರಿಯಾಕ್ಟರ್ ಉರಿದಿತ್ತು! ಅಂತರ್ಜಲ ಸೇರಿದಾಗ ಹೊತ್ತಿಕೊಂಡು, ನೀರು ಕುದಿದು ಹೋದಾಗ ಆರಿ, ಮತ್ತೆ ಹೊತ್ತಿಕೊಂಡು, ಲಕ್ಷಾಂತರ ವರ್ಷ.

ನಿಮಗೆ ಬೇಕಾದದ್ದು ಮುಂದಿನದು. 1976ರಲ್ಲಿ ಭೌತವಿಜ್ಞಾನಿ ಅಲೆಕ್ಸಾಂಡರ್ ಶ್ಲ್ಯಾಖ್ಟರ್ ಆ ಬೂದಿಯಲ್ಲಿ ಉಳಿದ ಸಮೇರಿಯಂ ಅನ್ನುವ ಲೋಹದ ಲೆಕ್ಕ ನೋಡಿದರು. ಪ್ರಕೃತಿಯ ಮೂಲ ಅಂಕಿಗಳು ಆಗ ಒಂದಿಷ್ಟು ಬೇರೆ ಇದ್ದಿದ್ದರೂ ಆ ಬೂದಿ ಹೀಗೆ ಇರುತ್ತಿರಲಿಲ್ಲ. ಅಂದರೆ 200 ಕೋಟಿ ವರ್ಷದಲ್ಲಿ ನಿಯಮ ಕದಲಿಲ್ಲ ಅನ್ನುವುದಕ್ಕೆ ಒಂದು ಸಾಕ್ಷಿ ಸಿಕ್ಕಿತು. ಯಾರೂ ಕಾಯದೆ ಇದ್ದಾಗಲೂ ಕದಲಲಿಲ್ಲ.

ಬೂದಿಮುಚ್ಚಿದಕೆಂಡ

ಯಾರೂ ಕಾಯುತ್ತಿರಲಿಲ್ಲ ಅಂತ ನಿಮಗೆ ಹೇಗೆ ಗೊತ್ತು? 🙂

ಸುಮ್ನೆ_ಬಂದೆ

200 ಕೋಟಿ ವರ್ಷದ ಬಾಕಿ ಸಂಬಳ. ಯೋಚನೆ ಮಾಡಿ.

ನಿದ್ದೆಗೇಡಿ

ಎರಡು ದಿನ ಮಾತಾಡಲಿಲ್ಲ, ಬರೆಯುತ್ತಿದ್ದೆ. ಈಗ ತಲೆಯಲ್ಲಿರುವುದನ್ನು ಹೇಳುತ್ತೇನೆ. ಕಡೆಗೀಲಿನವರು ಏನನ್ನೂ ತಡೆಯುವುದಿಲ್ಲ. ತಡೆಯುವ ಶಕ್ತಿ ಅವರಿಗೆ ಇದೆಯೋ ಇಲ್ಲವೋ ಅವರಿಗೇ ಗೊತ್ತಿಲ್ಲ. ಅವರು ದಿನಾ ಹೋಲಿಸಿ ನೋಡುತ್ತಾರೆ, ಬರೆದಿಡುತ್ತಾರೆ. ಮೆಟ್ಟಿಲು ಎಣಿಸುತ್ತಾರೆ. ಬಟ್ಟು ತೂಗುತ್ತಾರೆ. ನಿನ್ನೆಯಂತೆಯೇ ಇದ್ದರೆ ಹಾಗೆಂದು ಒಂದು ಸಾಲು. ನೋಡುವುದರಿಂದಲೇ ಜಗತ್ತು ನಿಂತಿದೆ ಅಂತ ಕೆಲವರ ನಂಬಿಕೆ. ಸುಮ್ನೆ ನೋಡುತ್ತಿದ್ದೇವೆ, ಅಷ್ಟೆ ಅಂತ ಉಳಿದವರು.

ಬಳಗಕ್ಕೆ ಸೇರುವ ಕ್ರಮ ಮಾತ್ರ ಇನ್ನೂ ಕೈಗೆ ಸಿಕ್ಕಿಲ್ಲ. ರಕ್ತದಲ್ಲಿ ಸಹಿ ಹಾಕಿಸಲು ಮನಸ್ಸಿಲ್ಲ.

ಬೂದಿಮುಚ್ಚಿದಕೆಂಡ

ರೋಮ್‌ನ ವೆಸ್ಟಾ ದೇವಿಯ ಬೆಂಕಿ ಕಾಯುತ್ತಿದ್ದ ಕನ್ಯೆಯರ ಕ್ರಮ ನೋಡಿ. ಆರರಿಂದ ಹತ್ತು ವರ್ಷದ ಒಳಗಿನ ಹುಡುಗಿಯರನ್ನು ಆರಿಸುತ್ತಿದ್ದರು. ಒಟ್ಟು 30 ವರ್ಷದ ಸೇವೆ. ಮೊದಲ 10 ವರ್ಷ ಕಲಿಯುವುದು, ಮುಂದಿನ 10 ವರ್ಷ ಮಾಡುವುದು, ಕೊನೆಯ 10 ವರ್ಷ ಕಲಿಸುವುದು. ಆಮೇಲೆ ಬಿಡುಗಡೆ, ಬೇಕಿದ್ದರೆ ಮದುವೆಯೂ ಆಗಬಹುದು. ಹೆಚ್ಚಿನವರು ಬಿಟ್ಟು ಹೋಗುತ್ತಿರಲಿಲ್ಲ. ಬೆಂಕಿ ಆರಿದರೆ ಚಾಟಿ ಏಟು.

ಕಲಿಯುವುದು, ಮಾಡುವುದು, ಕಲಿಸುವುದು. ಪ್ರಮಾಣವಚನಕ್ಕಿಂತ ಇದೇ ಗಟ್ಟಿ. ಹತ್ತು ವರ್ಷ ಕಲಿತವಳು ಇದೆಲ್ಲ ಸುಳ್ಳು ಅಂತ ಹೇಳಲು ಎರಡು ಸಲ ಯೋಚಿಸುತ್ತಾಳೆ.

ಎರಡನೇಓದು

ಒಂದು ಕಹಿ ಮಾತು. ನೋಡಿ ಬರೆದಿಡುವವರು ಮುಗ್ಧರು ಅಂತ ನೀವು ಅಂದುಕೊಂಡ ಹಾಗಿದೆ. ಅಣ್ಣನಿಗೆ ಮಳೆಗಾಲ, ತಂಗಿಗೆ ಬೇಸಿಗೆ. ಪುಸ್ತಕದಲ್ಲಿ ಯಾವುದನ್ನು ಬರೆಯುತ್ತಾರೆ? ಒಂದನ್ನು ಬರೆದ ಕೂಡಲೇ ಇನ್ನೊಬ್ಬರ ನೆನಪು ಸುಳ್ಳಾಗುತ್ತದೆ. ಸ್ಥಿರವಾಗಿ ಇಡುವುದು ಅಂದರೆ ಯಾವುದೋ ಒಂದನ್ನು ಆರಿಸುವುದು. ಆರಿಸುವವರು ಯಾರು?

ಕ್ಯಾಲೆಂಡರ್ ನೆನಪಿಸಿಕೊಳ್ಳಿ. 1582ರಲ್ಲಿ ಪೋಪ್ ಹದಿಮೂರನೇ ಗ್ರೆಗರಿಯ ಆಜ್ಞೆಯಂತೆ ಅಕ್ಟೋಬರ್ 4ರ ಮರುದಿನ ಅಕ್ಟೋಬರ್ 15 ಆಯಿತು. ಬ್ರಿಟನ್ ಒಪ್ಪಲಿಲ್ಲ. ಕೊನೆಗೆ 1752ರಲ್ಲಿ ಸೆಪ್ಟೆಂಬರ್ 2 ಆದ ಮೇಲೆ ನೇರ 14. ನಡುವಿನ 170 ವರ್ಷ, ಬ್ರಿಟನ್ ಮತ್ತು ಫ್ರಾನ್ಸಿನ ನಡುವಿನ ಕಡಲ್ಗಾಲುವೆಯ ಈಚೆ ದಡದಲ್ಲಿ ಒಂದು ತಾರೀಕು, ಆಚೆ ದಡದಲ್ಲಿ ಇನ್ನೊಂದು. ಎರಡೂ ಕಡೆ ಲೆಕ್ಕ ಇಡುವವರು ಪ್ರಾಮಾಣಿಕರೇ.

ಹಳೇತಕ್ಕಡಿ

ಇದಕ್ಕೆ ಇವತ್ತಿನ ಉದಾಹರಣೆಯೂ ಇದೆ. 1967ರಿಂದ ಸೆಕೆಂಡ್ ಅಂದರೆ ಸೀಸಿಯಂ ಪರಮಾಣುವಿನ 9,19,26,31,770 ಕಂಪನ. ಪರಮಾಣು ತಪ್ಪುವುದಿಲ್ಲ. ಭೂಮಿ ತಪ್ಪುತ್ತದೆ, ಅದರ ಸುತ್ತು ಒಂದೇ ಸಮ ಇಲ್ಲ. ಎರಡನ್ನೂ ಹೊಂದಿಸಲು 1972ರಿಂದ 2016ರವರೆಗೆ 27 ಸಲ ಒಂದೊಂದು ಸೆಕೆಂಡ್ ಜಾಸ್ತಿ ಸೇರಿಸಿದರು. ರಾತ್ರಿ 11 ಗಂಟೆ 59 ನಿಮಿಷ 60 ಸೆಕೆಂಡ್ ಅನ್ನುವ ಹೊತ್ತು ನಿಜವಾಗಿಯೂ ಇತ್ತು. ಈಗ ಕಂಪ್ಯೂಟರ್‌ಗಳಿಗೆ ಕಿರಿಕಿರಿ ಅಂತ, 2035ರೊಳಗೆ ಈ ಪದ್ಧತಿ ಕೈಬಿಡಲು 2022ರಲ್ಲಿ ತೀರ್ಮಾನವಾಗಿದೆ. ಅಂದರೆ ಗಡಿಯಾರ ಮತ್ತು ಸೂರ್ಯ ಮೆಲ್ಲಗೆ ದೂರವಾಗಲಿ ಅಂತ ಒಂದು ಸಭೆ ಕೈ ಎತ್ತಿ ಒಪ್ಪಿತು.

ನನಗೇನೂ ಬೇಸರ ಇಲ್ಲ. ಆದರೆ ಆ 27 ಸೆಕೆಂಡ್ ನಿಮ್ಮ ಕಥೆಯಲ್ಲಿ ಎಲ್ಲಾದರೂ ಇರಬೇಕು ಅನ್ನಿಸುತ್ತದೆ.

ನಿದ್ದೆಗೇಡಿ

ಮೂರನೇ ಅಧ್ಯಾಯದ ಒಂದು ತುಂಡು ಹಾಕುತ್ತಿದ್ದೇನೆ. ಹೊಡೆಯಿರಿ.

"ಬಟ್ಟನ್ನು ಬರಿಗೈಯಲ್ಲಿ ಮುಟ್ಟಬೇಡ ಅಂತ ಮಾತ್ರ ಹೇಳಿದರು. ಬೇರೆ ಪ್ರಮಾಣ ಇರಲಿಲ್ಲ. ಅವಳು ತೂಗಿದಳು, ಮೆಟ್ಟಿಲು ಎಣಿಸಿದಳು, 17. ಪುಸ್ತಕ ತೆರೆದಳು. ಪ್ರತಿ ದಿನಕ್ಕೆ ಒಂದೇ ಸಾಲು. ಹಿಂದಕ್ಕೆ ತಿರುವಿದಳು. ಕೈಬರಹ ಬದಲಾಗುತ್ತಿತ್ತು, ಸಾಲು ಬದಲಾಗುತ್ತಿರಲಿಲ್ಲ. ವ್ಯತ್ಯಾಸ ಇಲ್ಲ. ವ್ಯತ್ಯಾಸ ಇಲ್ಲ. ವ್ಯತ್ಯಾಸ ಇಲ್ಲ. ಒಂದು ಕಡೆ ಮಾತ್ರ ತಾರೀಕಿನ ಮುಂದೆ ಏನೂ ಬರೆದಿರಲಿಲ್ಲ. ಆ ರಾತ್ರಿ ಯಾರೋ ಮಲಗಿಬಿಟ್ಟಿದ್ದರು. ಮರುದಿನ ಮತ್ತೆ ಅದೇ ಕೈ, ಅದೇ ಮಸಿ, ವ್ಯತ್ಯಾಸ ಇಲ್ಲ. ಅವಳಿಗೆ ನಗು ಬಂತು. ಏನೂ ಆಗಿರಲಿಲ್ಲ. ಆಮೇಲೆ ಖಾಲಿ ಜಾಗದ ಹಿಂದಿನ ಪುಟ ನೋಡಿದಳು. ಅಲ್ಲೂ ಅದೇ ಕೈ, ಅದೇ ಮಸಿ. ಆದರೆ ಅಲ್ಲಿ ಎರಡು ಪದ ಕೂಡಿಕೊಂಡಿದ್ದವು. ವ್ಯತ್ಯಾಸವಿಲ್ಲ. ಅದರ ಹಿಂದಿನ ಪುಟ. ವ್ಯತ್ಯಾಸವಿಲ್ಲ. ಶುರುವಿನವರೆಗೂ ಹಾಗೇ."

ಶೂನ್ಯಕ್ಕೆ_ಹತ್ತಿರ

ಮೈ ಜುಮ್ಮೆಂದಿತು. ಗುಳ್ಳೆ ವಾಪಸ್ ತೆಗೆದುಕೊಂಡೆ.

ಬೂದಿಮುಚ್ಚಿದಕೆಂಡ

ಬರೆದವನಿಗೆ ತಾನು ಬದಲಾದದ್ದು ಗೊತ್ತಿಲ್ಲ. ಅವನ ಪ್ರಕಾರ ಅವನು ಮೊದಲಿನಿಂದಲೂ ಹಾಗೇ ಬರೆಯುತ್ತಿದ್ದ. ಅಥವಾ ಸುಮ್ನೆ ಒಂದು ರಾತ್ರಿ ಚೆನ್ನಾಗಿ ನಿದ್ದೆ ಮಾಡಿ ಎದ್ದು ಬಿಡಿಸಿ ಬರೆಯಲು ಶುರು ಮಾಡಿದ. ಎರಡೂ ಇರಬಹುದು. ಇದನ್ನು ಕಥೆಯಲ್ಲಿ ಯಾರೂ ಬಿಡಿಸಿ ಹೇಳದಿರಲಿ, ದಯವಿಟ್ಟು.

ಎರಡನೇಓದು

ಚೆನ್ನಾಗಿದೆ. ಎರಡು ತಕರಾರು. "ಅವಳಿಗೆ ನಗು ಬಂತು" ತೆಗೆಯಿರಿ, ಓದುಗನೇ ನಗಲಿ. ಇನ್ನೊಂದು, ಎರಡನೇ ಅಧ್ಯಾಯದ ಕೋಣೆಗೆ ಮೂರು ಕೀಲಿ ಅಂತ ನೀವು ನನಗೆ ಓದಲು ಕೊಟ್ಟ ಪ್ರತಿಯಲ್ಲಿ ಬದಲಾಯಿಸಿದ್ದೀರಿ. ಇಲ್ಲಿ ಕೋಣೆಯಲ್ಲಿ ಇರುವುದು ಇಬ್ಬರು ಹಿರಿಯರು. ಮೂರನೇ ಕೀಲಿ ಯಾರ ಹತ್ತಿರ? ಬಾಗಿಲು ತೆಗೆದವರು ಯಾರು?

ನಿದ್ದೆಗೇಡಿ

ಅದು ನಾಲ್ಕನೇ ಅಧ್ಯಾಯ. ಮಲಗಿಬಿಟ್ಟವನ ಹತ್ತಿರ.

ಸುಮ್ನೆ_ಬಂದೆ

ಅವನಿಗೆ ಆ ಒಂದು ದಿನದ ಸಂಬಳ ಹಿಡಿದರಾ?